ಚಂದ್ರನ ಕುಳಿಗಳು: ಬೆಂಕಿಯಿಂದಾದುವೋ, ಪೆಟ್ಟಿನಿಂದಾದುವೋ?

ಚಂದ್ರನ ಮೈಮೇಲಿರುವ ಕಪ್ಪು ಗುರುತನ್ನು ನಮ್ಮ ಹಿರಿಯರಲ್ಲಿ ಕೆಲವರು ಮೊಲವೆಂದರು, ಕೆಲವರು ಜಿಂಕೆಯೆಂದರು. ಶಶಾಂಕ, ಮೃಗಾಂಕ ಎಂಬ ಹೆಸರುಗಳು ಬಂದುದು ಇದರಿಂದಲೇ. ಆದರೆ ದೂರದರ್ಶಕದ ಮೂಲಕ ನೋಡಿದವನಿಗೆ ಅಲ್ಲಿ ಮೊಲವೂ ಕಾಣುವುದಿಲ್ಲ, ಜಿಂಕೆಯೂ ಕಾಣುವುದಿಲ್ಲ. ಕಾಣುವುದು ಕುಳಿ. ದೊಡ್ಡ ಕುಳಿ, ಚಿಕ್ಕ ಕುಳಿ, ಕುಳಿಯೊಳಗೊಂದು ಕುಳಿ, ಒಂದರ ಅಂಚನ್ನು ಕಡಿದುಕೊಂಡು ಇನ್ನೊಂದು ಕುಳಿ. ಇವು ಹೇಗೆ ಉಂಟಾದುವು ಎಂಬ ಪ್ರಶ್ನೆ ಮುನ್ನೂರು ವರ್ಷಗಳ ಕಾಲ ವಿದ್ವಾಂಸರನ್ನು ಎರಡು ಪಕ್ಷಗಳನ್ನಾಗಿ ಒಡೆದಿತ್ತು. ಮೇಲ್ನೋಟಕ್ಕೆ ಇದು ಅಲ್ಪವಾದ ಪ್ರಶ್ನೆಯಂತೆ ತೋರುವುದು. ಆದರೆ ಇದಕ್ಕೆ ದೊರೆತ ಉತ್ತರದಿಂದಲೇ ಚಂದ್ರನ ಒಂದೊಂದು ಬಯಲಿನ ವಯಸ್ಸನ್ನೂ, ಅದರ ಮೂಲಕ ಮಂಗಳ, ಬುಧ ಮೊದಲಾದ ಗ್ರಹಗಳ ನೆಲದ ವಯಸ್ಸನ್ನೂ ಎಣಿಸುವ ಸಾಧನ ನಮ್ಮ ಕೈಗೆ ಬಂದಿತು. ಅಷ್ಟೇ ಅಲ್ಲ, ನಮ್ಮ ಭೂಮಿ ತನ್ನ ಬಾಲ್ಯದ ವೃತ್ತಾಂತವನ್ನು ಮಳೆ, ಗಾಳಿ, ಭೂಚಲನೆಗಳಿಗೆ ಕಳೆದುಕೊಂಡಿದೆ. ಅದರ ಒಂದು ಪ್ರತಿ ಉಳಿದಿರುವುದು ಚಂದ್ರನ ಮೇಲೆಯೇ.

ಕುಳಿಗಳನ್ನು ನೋಡಬೇಕೆನ್ನುವವರು ಹುಣ್ಣಿಮೆಯ ರಾತ್ರಿಗಾಗಿ ಕಾಯಬಾರದು. ಅಂದು ಬಿಸಿಲು ಚಂದ್ರನ ಮೇಲೆ ನಮ್ಮ ಬೆನ್ನ ಕಡೆಯಿಂದ ನೇರವಾಗಿ ಬೀಳುವುದರಿಂದ ನೆರಳುಗಳೇ ಇರುವುದಿಲ್ಲ; ಬೆಟ್ಟವೂ ಹಳ್ಳವೂ ಒಂದೇ ಸಮನಾಗಿ ಬೆಳ್ಳಗೆ ಕಾಣುತ್ತವೆ. ಶುಕ್ಲಪಕ್ಷದ ಪಂಚಮಿಯಿಂದ ನವಮಿಯವರೆಗಿನ ಸಂಜೆಗಳು ಉತ್ತಮ. ಬೆಳಕೂ ಕತ್ತಲೆಯೂ ಕೂಡುವ ಗೆರೆಯ ಬಳಿ ಆಗತಾನೆ ಸೂರ್ಯೋದಯವಾಗುತ್ತಿರುವುದರಿಂದ ಅಲ್ಲಿನ ನೆರಳುಗಳು ಉದ್ದವಾಗಿರುತ್ತವೆ. ಆ ಗೆರೆಯಿಂದಾಚೆ ಕತ್ತಲೆಯ ಪ್ರದೇಶದಲ್ಲಿಯೂ ಅಲ್ಲಲ್ಲಿ ಒಂದೊಂದು ಬೆಳಕಿನ ಚುಕ್ಕೆ ಕಾಣುವುದುಂಟು. 1609ರ ಚಳಿಗಾಲದಲ್ಲಿ ಗೆಲಿಲಿಯೋ ಇದನ್ನು ಕಂಡು, ಇವು ತಪ್ಪಲಿನಲ್ಲಿ ಇನ್ನೂ ಕತ್ತಲೆಯಿರುವಾಗಲೇ ಬಿಸಿಲನ್ನು ಹಿಡಿದ ಬೆಟ್ಟದ ತುದಿಗಳೆಂದು ತರ್ಕಿಸಿದನು. ಪೈಥಾಗೊರಸನ ಪ್ರಮೇಯವನ್ನು ಬಲ್ಲ ಹೈಸ್ಕೂಲು ವಿದ್ಯಾರ್ಥಿಯೂ ಈ ಬೆಟ್ಟಗಳ ಎತ್ತರವನ್ನು ಲೆಕ್ಕ ಹಾಕಬಹುದು. ಅಷ್ಟಮಿಯ ದಿನ ಚುಕ್ಕೆಯು ಗೆರೆಯಿಂದ 130 ಕಿಲೋಮೀಟರು ದೂರದಲ್ಲಿದ್ದು, ಚಂದ್ರನ ತ್ರಿಜ್ಯ 1,738 ಕಿಲೋಮೀಟರು ಎಂದಿಟ್ಟುಕೊಂಡರೆ, ಬೆಟ್ಟದ ಎತ್ತರ ಸುಮಾರು 5 ಕಿಲೋಮೀಟರು ಎಂದು ಬರುತ್ತದೆ. ಮಾಡಿ ನೋಡಿ.

ಕಪ್ಪಾದ ನುಣುಪು ಬಯಲುಗಳನ್ನು ಹಿಂದಿನವರು ಸಮುದ್ರಗಳೆಂದು ತಿಳಿದರು. ಇಟಲಿಯ ರಿಚೋಲಿ ಎಂಬ ಪಾದ್ರಿ 1651ರಲ್ಲಿ ಪ್ರಕಟಿಸಿದ ನಕ್ಷೆಯಲ್ಲಿ ಅವುಗಳಿಗೆ ಪ್ರಶಾಂತಿಯ ಸಮುದ್ರ, ಮಳೆಗಳ ಸಮುದ್ರ, ಬಿರುಗಾಳಿಗಳ ಸಾಗರ ಎಂಬ ಅರ್ಥದ ಲ್ಯಾಟಿನ್ ಹೆಸರುಗಳನ್ನಿಟ್ಟನು. ಕುಳಿಗಳಿಗೆ ವಿದ್ವಾಂಸರ ಹೆಸರುಗಳನ್ನು ಕೊಟ್ಟನು. ಮಳೆಯೂ ಇಲ್ಲದ, ಬಿರುಗಾಳಿಯೂ ಇಲ್ಲದ ಆ ನೆಲಕ್ಕೆ ಇಂದಿಗೂ ಅವೇ ಹೆಸರುಗಳು ನಡೆದು ಬಂದಿವೆ.

ಕುಳಿಗಳ ಉಗಮವನ್ನು ಪ್ರಯೋಗದಿಂದ ಪರೀಕ್ಷಿಸಿದವರಲ್ಲಿ ಮೊದಲಿಗನೆಂದು ರಾಬರ್ಟ್ ಹುಕ್‌ನನ್ನು ಹೇಳಬಹುದು. ಸ್ಪ್ರಿಂಗುಗಳ ನಿಯಮದಿಂದ ವಿದ್ಯಾರ್ಥಿಗಳಿಗೆ ಪರಿಚಿತನಾದ ಹುಕ್ ಈತನೇ. 1665ರ ತನ್ನ ಗ್ರಂಥದಲ್ಲಿ ಅವನು ಎರಡು ಪ್ರಯೋಗಗಳನ್ನು ವರ್ಣಿಸಿರುವನು. ಒದ್ದೆ ಜೇಡಿಮಣ್ಣಿನ ಮೇಲೆ ಗುಂಡುಗಳನ್ನು ಬೀಳಿಸಿದಾಗ ಚಂದ್ರನ ಕುಳಿಗಳನ್ನೇ ಹೋಲುವ ಗುಳಿಗಳಾದುವು. ಅಲಬಾಸ್ಟರ್ ಎಂಬ ಬಿಳಿಯ ಕಲ್ಲಿನ ಪುಡಿಯನ್ನು ಕಾಯಿಸಿದಾಗ, ಗಂಜಿ ಕುದಿಯುವಾಗ ಏಳುವಂತೆ ಗುಳ್ಳೆಗಳೆದ್ದು ಒಡೆದು, ಅಲ್ಲಿಯೂ ಅಂಥವೇ ಗುಳಿಗಳು ಉಳಿದುವು. ಎರಡರಲ್ಲಿ ಯಾವುದು ಸರಿ? ಹುಕ್ ಎರಡನೆಯದನ್ನು ಆರಿಸಿಕೊಂಡನು. ಚಂದ್ರನ ಮೇಲೆ ಬೀಳುವಂಥ ಅಷ್ಟೊಂದು ಗುಂಡುಗಳು ಆಕಾಶದಲ್ಲಿ ಎಲ್ಲಿಂದ ಬರಬೇಕು ಎಂಬುದು ಅವನ ಆಕ್ಷೇಪ. ಆ ಕಾಲಕ್ಕೆ ಇದು ಬಹು ಯುಕ್ತವಾದ ಆಕ್ಷೇಪವೇ ಸರಿ. ಮೊದಲನೆಯ ಕ್ಷುದ್ರಗ್ರಹ ಪತ್ತೆಯಾದುದು 1801ರಲ್ಲಿ. ಆಕಾಶದಿಂದ ಕಲ್ಲುಗಳು ಬೀಳುವುದು ನಿಜವೆಂದು ಯೂರೋಪಿನ ಪಂಡಿತರು ಒಪ್ಪಿದುದೂ ಹೆಚ್ಚು ಕಡಮೆ ಆ ಕಾಲದಲ್ಲಿಯೇ.

ಗುಂಡುಗಳು ದೊರೆತ ಮೇಲೂ ಜ್ವಾಲಾಮುಖಿ ಪಕ್ಷ ಸೋಲಲಿಲ್ಲ. ಅದರ ಕೈಯಲ್ಲಿ ಇನ್ನೊಂದು ಬಲವಾದ ಅಸ್ತ್ರವಿತ್ತು. ಕೆಸರಿಗೆ ಕಲ್ಲನ್ನು ನೇರವಾಗಿ ಬೀಳಿಸಿದರೆ ದುಂಡನೆಯ ಗುಳಿಯಾಗುತ್ತದೆ. ಓರೆಯಾಗಿ ಎಸೆದರೆ ಉದ್ದನೆಯ ಗುಳಿಯಾಗುತ್ತದೆ. ಉಲ್ಕೆಗಳು ಎಲ್ಲ ದಿಕ್ಕುಗಳಿಂದಲೂ ಬರತಕ್ಕವು. ಹಾಗಿದ್ದರೆ ಚಂದ್ರನ ಕುಳಿಗಳು ಬಹುಮಟ್ಟಿಗೆ ಎಲ್ಲವೂ ದುಂಡಗೇಕೆ? ಇಂದಿಗೂ ನಮ್ಮ ತರಗತಿಯಲ್ಲಿ ಪ್ರತಿ ವರ್ಷ ಒಬ್ಬನಾದರೂ ವಿದ್ಯಾರ್ಥಿ ಈ ಪ್ರಶ್ನೆಯನ್ನು ಕೇಳದೆ ಬಿಡುವುದಿಲ್ಲ. ಕೇಳಿದವನು ದಡ್ಡನಲ್ಲ, ಗ್ರೋವ್ ಕಾರ್ಲ್ ಗಿಲ್ಬರ್ಟ್‌ನಂಥ ಮಹಾ ಭೂವಿಜ್ಞಾನಿಯನ್ನೇ ಇದು ತೊಡರಿಸಿತು. ಅಮೆರಿಕದ ಈ ಗಿಲ್ಬರ್ಟ್ 1892ರಲ್ಲಿ ವಾಷಿಂಗ್ಟನ್ನಿನ ನೌಕಾ ವೀಕ್ಷಣಾಲಯದಲ್ಲಿ ಹದಿನೆಂಟು ರಾತ್ರಿ ಚಂದ್ರನನ್ನು ಪರಿಶೀಲಿಸಿ, ಕುಳಿಗಳು ಪೆಟ್ಟಿನಿಂದಲೇ ಆದುವೆಂದು ಮರುವರ್ಷ ಬರೆದನು. ಆದರೆ ದುಂಡನೆಯ ಆಕಾರವನ್ನು ವಿವರಿಸಲು, ಒಂದಾನೊಂದು ಕಾಲದಲ್ಲಿ ಭೂಮಿಯ ಸುತ್ತ ಶನಿಯ ಬಳೆಯಂಥದೊಂದು ಬಳೆಯಿದ್ದು, ಅದರ ತುಂಡುಗಳು ಚಂದ್ರನ ಮೇಲೆ ಮೆಲ್ಲಗೆ ನೇರವಾಗಿ ಬಿದ್ದುವೆಂದು ಕಲ್ಪಿಸಬೇಕಾಯಿತು. ಇನ್ನೊಂದು ವಿನೋದವೆಂದರೆ, ಅರಿಜೋನದ ಮರುಭೂಮಿಯಲ್ಲಿರುವ ಪ್ರಸಿದ್ಧ ಕುಳಿಯನ್ನು ಇದೇ ಗಿಲ್ಬರ್ಟ್ ಪರೀಕ್ಷಿಸಿ, ಅದು ಉಲ್ಕೆಯಿಂದಾದುದಲ್ಲ, ನೆಲದೊಳಗಿನ ಉಗಿ ಸಿಡಿದು ಆದುದೆಂದು ತೀರ್ಮಾನಿಸಿದನು. ಚಂದ್ರನ ಕುಳಿಗಳನ್ನು ಸರಿಯಾಗಿ ಓದಿದವನಿಗೆ ಕಾಲ ಕೆಳಗಿನ ಕುಳಿ ತಪ್ಪಿಹೋಯಿತು.

ತೊಡಕು ಬಿಡಿಸಲು ಬೇಕಾಗಿದ್ದುದು ಹೊಸ ದೂರದರ್ಶಕವಲ್ಲ, ಚಲನಶಕ್ತಿಯ ಸೂತ್ರ. ಬಂದೂಕಿನ ಗುಂಡು ಸೆಕೆಂಡಿಗೆ ಸುಮಾರು 1 ಕಿಲೋಮೀಟರು ವೇಗದಿಂದ ಹೋಗುವುದು. ಆಕಾಶಕಾಯಗಳಾದರೋ ಚಂದ್ರನನ್ನು ಸೆಕೆಂಡಿಗೆ 15, 20 ಕಿಲೋಮೀಟರು ವೇಗದಿಂದ ತಾಕುತ್ತವೆ. ಸೆಕೆಂಡಿಗೆ 20 ಕಿಲೋಮೀಟರು ವೇಗವುಳ್ಳ ಒಂದು ಕಿಲೋಗ್ರಾಂ ಕಲ್ಲಿನ ಚಲನಶಕ್ತಿ ಎಷ್ಟು? ದ್ರವ್ಯರಾಶಿಯ ಅರ್ಧವನ್ನು ವೇಗದ ವರ್ಗದಿಂದ ಗುಣಿಸಿದರೆ 20 ಕೋಟಿ ಜೂಲುಗಳಾಗುತ್ತವೆ. ಒಂದು ಕಿಲೋಗ್ರಾಂ ಟಿ. ಎನ್. ಟಿ. ಸಿಡಿಮದ್ದಿನಿಂದ ಹೊರಡುವುದು ಸುಮಾರು 42 ಲಕ್ಷ ಜೂಲು ಮಾತ್ರ. ಎಂದರೆ ಬರಿಯ ಕಲ್ಲು ತನ್ನ ವೇಗವೊಂದರಿಂದಲೇ ತನ್ನ ತೂಕದ 48ರಷ್ಟು ಸಿಡಿಮದ್ದಿಗೆ ಸಮನಾಯಿತು! ಇಂಥ ವಸ್ತು ನೆಲವನ್ನು ತೋಡುವುದಿಲ್ಲ; ಕ್ಷಣಾರ್ಧದಲ್ಲಿ ನೆಲದೊಳಕ್ಕೆ ನುಗ್ಗಿ ನಿಂತು ಸಿಡಿಯುತ್ತದೆ. ಸಿಡಿತದ ಒತ್ತಡದ ಅಲೆ ಎಲ್ಲ ದಿಕ್ಕುಗಳಿಗೂ ಸಮನಾಗಿ ಹರಡುವುದರಿಂದ, ಬಂದ ದಾರಿ ಓರೆಯಾಗಿದ್ದರೂ ಕುಳಿ ದುಂಡಗೇ ಆಗುತ್ತದೆ. ನೆಲಕ್ಕೆ ಸುಮಾರು 15 ಅಂಶಕ್ಕಿಂತ ಕಿರಿದಾದ ಕೋನದಲ್ಲಿ, ಸವರಿಕೊಂಡು ಹೋಗುವಂತೆ ಬಂದುವು ಮಾತ್ರ ಉದ್ದನೆಯ ಗುರುತನ್ನುಳಿಸುತ್ತವೆ. ನ್ಯೂಜಿಲೆಂಡಿನ ಗಿಫರ್ಡ್ 1924ರಲ್ಲಿ ಈ ವಿವರಣೆಯನ್ನು ಸ್ಪಷ್ಟವಾಗಿ ಕೊಟ್ಟನು. ಹೆಚ್ಚು ಜನ ಗಮನಿಸಲಿಲ್ಲ. 1949ರಲ್ಲಿ ಅಮೆರಿಕದ ರಾಲ್ಫ್ ಬಾಲ್ಡ್‌ವಿನ್, ಬಾಂಬುಗಳಿಂದಾದ ಗುಂಡಿಗಳ ಆಳ ಅಗಲಗಳನ್ನೂ ಚಂದ್ರನ ಕುಳಿಗಳ ಆಳ ಅಗಲಗಳನ್ನೂ ಒಂದೇ ನಕ್ಷೆಯಲ್ಲಿ ಗುರುತಿಸಿ, ಎರಡೂ ಒಂದೇ ವಕ್ರರೇಖೆಯ ಮೇಲೆ ಕೂಡುವುದನ್ನು ತೋರಿಸಿದ ಮೇಲೆ ತಕ್ಕಡಿ ವಾಲತೊಡಗಿತು.

ಆದರೂ ಕೈಗೆ ಸಿಗುವ ಸಾಕ್ಷ್ಯ ಬೇಕಲ್ಲವೇ? ಅದು ಅರಿಜೋನದಿಂದಲೇ ಬಂದಿತು. ಬೆಣಚುಕಲ್ಲನ್ನು ಅಗಾಧವಾದ ಒತ್ತಡಕ್ಕೆ ಗುರಿಪಡಿಸಿದರೆ ಅದು ಕೋಯೆಸೈಟ್ ಎಂಬ ಹೆಚ್ಚು ಸಾಂದ್ರವಾದ ಖನಿಜವಾಗಿ ಮಾರ್ಪಡುವುದೆಂದು 1953ರಲ್ಲಿ ಪ್ರಯೋಗಶಾಲೆಯಲ್ಲಿ ತಿಳಿದುಬಂದಿತ್ತು. ಜ್ವಾಲಾಮುಖಿಯ ಬಾಯಲ್ಲಿ ಅಂಥ ಒತ್ತಡವಿರುವುದಿಲ್ಲ. 1960ರಲ್ಲಿ ಚಾವೋ, ಶೂಮೇಕರ್ ಮತ್ತು ಮ್ಯಾಡ್ಸನ್ ಎಂಬ ವಿಜ್ಞಾನಿಗಳು ಅರಿಜೋನದ ಕುಳಿಯ ಮರಳುಗಲ್ಲಿನಲ್ಲಿ ಇದೇ ಖನಿಜವನ್ನು ಕಂಡರು. ಪೆಟ್ಟು ತನ್ನ ಮೊಹರನ್ನು ಒತ್ತಿಹೋಗಿತ್ತು. ನಮ್ಮ ನೆರೆಯ ಮಹಾರಾಷ್ಟ್ರದ ಬುಲ್ಢಾಣ ಜಿಲ್ಲೆಯಲ್ಲಿರುವ ಲೋಣಾರ್ ಸರೋವರವನ್ನೂ ಬಹುಕಾಲ ಜ್ವಾಲಾಮುಖಿಯ ಬಾಯೆಂದು ಹೇಳುತ್ತಿದ್ದರು. 1973ರಲ್ಲಿ ಪ್ರಕಟವಾದ ಸಂಶೋಧನೆಯಲ್ಲಿ ಅಲ್ಲಿನ ಕಲ್ಲುಗಳೊಳಗಿನ ಖನಿಜಗಳು ಪೆಟ್ಟಿನಿಂದ ಗಾಜಾಗಿರುವುದು ಸಿದ್ಧವಾಯಿತು. ಸುಮಾರು 1.8 ಕಿಲೋಮೀಟರು ಅಗಲದ ಈ ಕುಳಿಗೆ ಚಂದ್ರನನ್ನು ಅಭ್ಯಾಸ ಮಾಡುವವರಲ್ಲಿ ವಿಶೇಷ ಮರ್ಯಾದೆಯುಂಟು. ಭೂಮಿಯ ಮೇಲೆ ಬಸಾಲ್ಟು ಶಿಲೆಯಲ್ಲಿ ಆದ ಕುಳಿಗಳು ಬಹು ವಿರಳ. ಚಂದ್ರನ ಕಪ್ಪು ಬಯಲುಗಳು ಬಸಾಲ್ಟಿನವೇ.

ಈ ಮಾತು ನಮ್ಮನ್ನು ಜ್ವಾಲಾಮುಖಿ ಪಕ್ಷದ ಕಡೆಗೆ ಮತ್ತೆ ಒಯ್ಯುತ್ತದೆ. ಅವರು ಪೂರ್ತಿಯಾಗಿ ತಪ್ಪಿರಲಿಲ್ಲ. ಕುಳಿಗಳು ಪೆಟ್ಟಿನವು, ಆದರೆ ಬಯಲುಗಳು ಬೆಂಕಿಯವು. ನೂರಾರು ಕಿಲೋಮೀಟರು ಅಗಲದ ಮಹಾಕುಳಿಗಳಾದ ಬಹುಕಾಲದ ಮೇಲೆ, ಚಂದ್ರನ ಒಡಲೊಳಗೆ ಕರಗಿದ ಶಿಲಾರಸ ಬಿರುಕುಗಳ ಮೂಲಕ ಮೇಲೆದ್ದು ಆ ತಗ್ಗುಗಳನ್ನು ತುಂಬಿತು. ಮಳೆಗಳ ಸಮುದ್ರದ ಮಹಾಕುಳಿಯಾದುದು ಸುಮಾರು 390 ಕೋಟಿ ವರ್ಷಗಳ ಹಿಂದೆ. ಅದರ ಅಂಚಿನಿಂದ ತಂದ ಬಸಾಲ್ಟು ಹೆಪ್ಪುಗಟ್ಟಿದುದು ಸುಮಾರು 330 ಕೋಟಿ ವರ್ಷಗಳ ಹಿಂದೆ. ಕಬ್ಬಿಣದ ಅಂಶ ಹೆಚ್ಚಾಗಿದ್ದ ಈ ರಸ ಎಣ್ಣೆಯಂತೆ ತೆಳ್ಳಗಿದ್ದುದರಿಂದ ಶಂಕುವಿನಾಕಾರದ ಬೆಟ್ಟವಾಗಿ ನಿಲ್ಲದೆ ಹರಡಿಕೊಂಡಿತು. ನಮ್ಮ ದಖ್ಖನದ ಕಪ್ಪುಶಿಲೆಯೂ ಹೀಗೆಯೇ ಪದರಪದರವಾಗಿ ಹರಿದು ಹಾಸಿಕೊಂಡುದು. ವಿಜಯಪುರದ ಗೋಲಗುಮ್ಮಟವನ್ನು ಕಟ್ಟಿದ ಕಲ್ಲು ಅದೇ ಜಾತಿಯದು; ಆದರೆ ವಯಸ್ಸು ಸುಮಾರು ಆರೂವರೆ ಕೋಟಿ ವರ್ಷ ಮಾತ್ರ. ಚಂದ್ರನ ಬೆನ್ನ ಕಡೆಯಲ್ಲಿ ಇಂಥ ಬಯಲುಗಳು ಶೇಕಡ 2ರ ಆಸುಪಾಸಿನಲ್ಲಿವೆ. ನಮಗೆ ಕಾಣುವ ಕಡೆ ಶೇಕಡ 30ರಷ್ಟು. ನಮ್ಮ ಕಡೆಯ ತೊಗಟೆ ತೆಳ್ಳಗಿರುವುದು ಇದಕ್ಕೆ ಒಂದು ಕಾರಣವೆಂದು ಹೇಳುವರು. ಅದೊಂದೇ ಕಾರಣವೆಂದು ನಮಗೇನೂ ತೋರುವುದಿಲ್ಲ.

ಈ ಬಯಲುಗಳು ಶಿಲೆಯೇ ಅಲ್ಲ, ಆಳವಾದ ಧೂಳಿನ ಮಡುಗಳೆಂದು 1955ರಲ್ಲಿ ಥಾಮಸ್ ಗೋಲ್ಡ್ ವಾದಿಸಿದ್ದುಂಟು. ಹಾಗಿದ್ದಿದ್ದರೆ ಇಳಿದ ನೌಕೆ ಮುಳುಗಿಹೋಗಬೇಕಾಗಿತ್ತು. 1966ರ ಫೆಬ್ರವರಿ 3ರಂದು ರಷ್ಯದ ಲೂನಾ-9 ಇಳಿಯಿತು, ಮುಳುಗಲಿಲ್ಲ. ಧೂಳೇನೋ ಇದೆ. ಬಯಲುಗಳಲ್ಲಿ ನಾಲ್ಕೈದು ಮೀಟರು, ಬೆಟ್ಟಸೀಮೆಯಲ್ಲಿ ಹತ್ತು ಹದಿನೈದು ಮೀಟರು ದಪ್ಪದ ಪುಡಿಯ ಹೊದಿಕೆ ನೆಲವನ್ನು ಮುಚ್ಚಿದೆ. ಆದರೆ ಅದು ಅದುಮಿಕೊಂಡು ಗಟ್ಟಿಯಾಗಿರುವುದು. ಅದರ ಕೆಳಗಿನ ಬಂಡೆಯೂ ಪೆಟ್ಟುಗಳಿಂದ ಬಿರಿದಿದೆ. 2012ರಲ್ಲಿ ಗ್ರೇಲ್ ಎಂಬ ಜೋಡಿ ನೌಕೆಗಳು ಗುರುತ್ವಾಕರ್ಷಣವನ್ನು ಅಳೆದಾಗ, ತೊಗಟೆಯಲ್ಲಿ ಸರಾಸರಿ ಶೇಕಡ 12ರಷ್ಟು ಬರಿಯ ಬಿರುಕು, ಟೊಳ್ಳುಗಳೆಂದು ಕಂಡುಬಂದಿತು.

ಇನ್ನು ಕುಳಿಗಳು ಗಡಿಯಾರವಾಗುವುದು ಹೇಗೆಂಬುದನ್ನು ನೋಡೋಣ. ಮೊದಲನೆಯದಾಗಿ ಹಿಂದು ಮುಂದಿನ ಕ್ರಮ. ಪಂಚಮಿ, ಷಷ್ಠಿಯ ಚಂದ್ರನಲ್ಲಿ ಬೆಳಕಿನ ಗೆರೆಯ ಬಳಿ ಥಿಯೋಫಿಲಸ್ ಎಂಬ, ಸುಮಾರು 100 ಕಿಲೋಮೀಟರು ಅಗಲದ, ನಡುವೆ ಶಿಖರಗಳುಳ್ಳ ಕುಳಿ ಕಾಣುತ್ತದೆ. ಅದರ ಪಕ್ಕದಲ್ಲಿ ಸಿರಿಲಸ್ ಎಂಬ ಇನ್ನೊಂದು ಕುಳಿಯಿದೆ. ಥಿಯೋಫಿಲಸ್ಸಿನ ಅಂಚು ಪೂರ್ತಿಯಾಗಿದೆ. ಸಿರಿಲಸ್ಸಿನ ಅಂಚನ್ನು ಅದು ಕಡಿದುಹಾಕಿದೆ. ಕಡಿದುದು ಕಿರಿದು, ಕಡಿಸಿಕೊಂಡುದು ಹಿರಿದು ಎಂಬುದಕ್ಕೆ ಸಂದೇಹವುಂಟೆ? ದಕ್ಷಿಣದಲ್ಲಿ ಟೈಕೋ ಎಂಬ 85 ಕಿಲೋಮೀಟರಿನ ಕುಳಿಯಿಂದ ಹೊರಟ ಬಿಳಿಯ ಗೆರೆಗಳು 1,500 ಕಿಲೋಮೀಟರಿಗೂ ದೂರ ಬೆಟ್ಟ ಬಯಲುಗಳೆನ್ನದೆ ಎಲ್ಲದರ ಮೇಲೂ ಹಾದುಹೋಗುತ್ತವೆ. ಆದಕಾರಣ ಟೈಕೋ ಇವೆಲ್ಲಕ್ಕಿಂತ ಕಿರಿಯದು. ಹುಣ್ಣಿಮೆಯ ಚಂದ್ರನನ್ನು ನೋಡಲು ಇರುವ ಒಂದೇ ನೆಪವೆಂದರೆ ಈ ಗೆರೆಗಳು.

ಎರಡನೆಯದು ಎಣಿಕೆ. ಮಳೆ ಆರಂಭವಾದಾಗ ಅಂಗಳಕ್ಕೆ ಇಳಿಸಿದ ಹಲಗೆಯ ಮೇಲೆ ಬಿದ್ದ ಹನಿಗಳನ್ನು ಎಣಿಸಿ, ಅದನ್ನು ಇಳಿಸಿ ಎಷ್ಟು ಹೊತ್ತಾಯಿತೆಂದು ಹೇಳಬಹುದು. ಹನಿಗಳು ಬೀಳುವ ದರ ಗೊತ್ತಿದ್ದರೆ ಸರಿ. ಶಿಲಾರಸ ಹರಿದು ಹಸನಾದ ಬಯಲು ಹೊಸದಾಗಿ ಇಳಿಸಿದ ಹಲಗೆಯಿದ್ದಂತೆ. ದರವನ್ನು ತಿಳಿಯಲು ವಿಲಿಯಂ ಹಾರ್ಟ್‌ಮನ್ ಭೂಮಿಯ ಸಹಾಯವನ್ನೇ ಪಡೆದನು. ಕೆನಡದ ಪುರಾತನ ಶಿಲಾಪ್ರದೇಶದಲ್ಲಿ ಉಳಿದಿರುವ ಕುಳಿಗಳನ್ನು ಲೆಕ್ಕಕ್ಕೆ ತೆಗೆದುಕೊಂಡು, ಚಂದ್ರನ ಕಪ್ಪು ಬಯಲುಗಳ ವಯಸ್ಸು ಸುಮಾರು 360 ಕೋಟಿ ವರ್ಷಗಳಿರಬೇಕೆಂದು 1965ರಲ್ಲಿ ಹೇಳಿದನು. ಮನುಷ್ಯ ಚಂದ್ರನ ಮೇಲೆ ಇಳಿಯಲು ಆಗ ಇನ್ನೂ ನಾಲ್ಕು ವರ್ಷಗಳಿದ್ದುವು.

1969ರ ಜುಲೈ 20ರಂದು ಅಪೊಲೊ-11 ಪ್ರಶಾಂತಿಯ ಸಮುದ್ರದಲ್ಲಿ ಇಳಿದು 21.5 ಕಿಲೋಗ್ರಾಂ ಕಲ್ಲುಮಣ್ಣನ್ನು ತಂದಿತು. ಅದರ ವಯಸ್ಸನ್ನು ಅಳೆದ ಬಗೆಗಳಲ್ಲಿ ಒಂದನ್ನು ಹೇಳುವೆವು. ಕಲ್ಲಿನಲ್ಲಿರುವ ಪೊಟ್ಯಾಸಿಯಮ್ಮಿನ ಒಂದು ಅಲ್ಪಭಾಗ, 40 ದ್ರವ್ಯಸಂಖ್ಯೆಯುಳ್ಳದ್ದು, ತನ್ನಷ್ಟಕ್ಕೆ ತಾನೇ ಕ್ಷಯಿಸುತ್ತದೆ. ಯಾವ ಮೊತ್ತವಿರಲಿ, 125 ಕೋಟಿ ವರ್ಷಗಳಲ್ಲಿ ಅದರ ಅರ್ಧ ಉಳಿಯುತ್ತದೆ. ಕ್ಷಯಿಸಿದುದರಲ್ಲಿ ಒಂದು ಪಾಲು ಆರ್ಗಾನ್ ಅನಿಲವಾಗುತ್ತದೆ. ಶಿಲೆ ದ್ರವವಾಗಿರುವಾಗ ಆರ್ಗಾನ್ ಹಾರಿಹೋಗುವುದು. ಹೆಪ್ಪುಗಟ್ಟಿದ ಮೇಲೆ ಹರಳುಗಳೊಳಗೆ ಸೆರೆಯಾಗಿ ಕೂಡುತ್ತ ಹೋಗುವುದು. ಸೆರೆಯಾದ ಆರ್ಗಾನನ್ನೂ ಉಳಿದ ಪೊಟ್ಯಾಸಿಯಮ್ಮನ್ನೂ ಅಳೆದರೆ ಹೆಪ್ಪುಗಟ್ಟಿದ ಕಾಲ ಸಿಗುತ್ತದೆ. ಹೀಗೆ ಬಂದ ಉತ್ತರ 360ರಿಂದ 390 ಕೋಟಿ ವರ್ಷ. ಕುಳಿಯೆಣಿಕೆಗೂ ಪ್ರಯೋಗಶಾಲೆಗೂ ಇಷ್ಟು ಹತ್ತಿರದ ಹೊಂದಿಕೆ ಬಂದುದು ಭೌತವಿಜ್ಞಾನವನ್ನು ಕಲಿಸುವ ನಮ್ಮಂಥವರಿಗೆ ಇಂದಿಗೂ ಹಿಗ್ಗನ್ನುಂಟುಮಾಡುತ್ತದೆ. ಬೆಂಗಳೂರಿನ ಲಾಲ್‌ಬಾಗಿನ ಬಂಡೆಯನ್ನು ಏರಿದವರು ಅದರ ವಯಸ್ಸು ಸುಮಾರು 300 ಕೋಟಿ ವರ್ಷವೆಂದು ಓದಿ ಬೆರಗಾಗಿರಬಹುದು. ಅದು ಹುಟ್ಟುವ ವೇಳೆಗೆ ಪ್ರಶಾಂತಿಯ ಸಮುದ್ರದ ಕಲ್ಲು ತಣ್ಣಗಾಗಿ ಐವತ್ತು ಕೋಟಿ ವರ್ಷಗಳ ಮೇಲಾಗಿತ್ತು. ಮತ್ತು ಅದು ಚಂದ್ರನ ಕಿರಿಯ ಕಲ್ಲುಗಳ ಗುಂಪಿನದು!

ಹಿರಿಯ ಕಲ್ಲು ಬೆಳ್ಳಗಿನ ಬೆಟ್ಟಸೀಮೆಯದು. ಅದರ ಸುಳಿವು ಅಪೊಲೊ-11ರ ಮಣ್ಣಿನಲ್ಲಿಯೇ ಸಿಕ್ಕಿತು. ಕಪ್ಪುಮಣ್ಣಿನ ನಡುವೆ ಅಲ್ಲೊಂದು ಇಲ್ಲೊಂದು ಬಿಳಿಯ ಚೂರುಗಳಿದ್ದುವು. ಅವು ಆನಾರ್ಥೊಸೈಟ್ ಶಿಲೆಯ ಚೂರುಗಳು. ದೂರದ ಬೆಟ್ಟಸೀಮೆಯಿಂದ ಪೆಟ್ಟಿಗೆ ಸಿಡಿದು ಬಂದು ಬಿದ್ದವು. ಈ ಶಿಲೆ ಬಹುಮಟ್ಟಿಗೆ ಒಂದೇ ಖನಿಜದಿಂದ, ಹಗುರವಾದ ಪ್ಲೇಜಿಯೊಕ್ಲೇಸಿನಿಂದ, ಆದುದು. ಇಷ್ಟು ಶುದ್ಧವಾಗಿ ಒಂದೇ ಖನಿಜ ಚಂದ್ರನ ತೊಗಟೆಯಲ್ಲೆಲ್ಲ ಕೂಡಬೇಕಾದರೆ, ಮೊದಲಲ್ಲಿ ಚಂದ್ರನ ಮೇಲ್ಭಾಗವೆಲ್ಲ ಕರಗಿದ ಶಿಲೆಯ ಕಡಲಾಗಿದ್ದು, ಅದು ಆರುವಾಗ ಭಾರವಾದ ಹರಳುಗಳು ಮುಳುಗಿ ಹಗುರವಾದುವು ಹಾಲಿನ ಮೇಲಿನ ಕೆನೆಯಂತೆ ತೇಲಿ ನಿಂತಿರಬೇಕು. ಜಾನ್ ವುಡ್ ಮತ್ತು ಆತನ ಸಂಗಡಿಗರು ಕೆಲವು ಚೂರುಗಳಿಂದ ಇಷ್ಟು ದೊಡ್ಡ ಊಹೆಯನ್ನು 1970ರಲ್ಲಿ ಮಾಡಿದರು. ದಕ್ಷಿಣ ಧ್ರುವದ ಕಡೆಯ ನೆಲವನ್ನು ಮುಟ್ಟಿ ಇದನ್ನು ಪರೀಕ್ಷಿಸಿದುದು ನಮ್ಮ ಚಂದ್ರಯಾನ-3. 2023ರ ಆಗಸ್ಟ್ 23ರಂದು ಸುಮಾರು 69 ಅಂಶ ದಕ್ಷಿಣ ಅಕ್ಷಾಂಶದಲ್ಲಿ ಇಳಿದ ವಿಕ್ರಮದಿಂದ ಹೊರಟ ಪ್ರಜ್ಞಾನ್ ಗಾಡಿ, ನೂರು ಮೀಟರಿನಷ್ಟು ನಡೆದು 23 ಕಡೆ ಮಣ್ಣಿನ ಧಾತುಗಳನ್ನು ಅಳೆಯಿತು. ಮಣ್ಣು ಬಹುಮಟ್ಟಿಗೆ ಆನಾರ್ಥೊಸೈಟಿನದೇ ಎಂದು 2024ರಲ್ಲಿ ಪ್ರಕಟವಾಯಿತು. ಇದೇ ಶಿಲೆ ತಮಿಳುನಾಡಿನ ಸೇಲಂ ಸೀಮೆಯ ಸಿತ್ತಂಪೂಂಡಿಯಲ್ಲಿ ದೊರೆಯುತ್ತದೆ. ಚಂದ್ರಯಾನ-2ರ ಸಿದ್ಧತೆಯಲ್ಲಿ ಇಸ್ರೋ ಸಂಸ್ಥೆಯವರು ಅದನ್ನು ಪುಡಿಮಾಡಿಸಿ ಬೆಂಗಳೂರಿಗೆ ತಂದು ಗಾಡಿಯನ್ನು ಓಡಿಸಿ ನೋಡಿದ್ದರು. ಚಿತ್ರದುರ್ಗ ಜಿಲ್ಲೆಯ ಚಳ್ಳಕೆರೆಯ ಬಳಿ ಕೃತಕ ಕುಳಿಗಳನ್ನೇ ತೋಡಿಸಿದ್ದರು.

ಈಗ ಉಳಿದಿರುವ ವಿವಾದಕ್ಕೆ ಬರೋಣ. ಅಪೊಲೊ ಯಾತ್ರೆಗಳು ಆರು ಕಡೆಗಳಿಂದ ತಂದ ಒಟ್ಟು 382 ಕಿಲೋಗ್ರಾಂ ಶಿಲೆಯಲ್ಲಿ, ಪೆಟ್ಟಿನಿಂದ ಕರಗಿ ಮತ್ತೆ ಹೆಪ್ಪುಗಟ್ಟಿದ ಕಲ್ಲುಗಳ ವಯಸ್ಸು 390 ಕೋಟಿ ವರ್ಷಗಳ ಸುತ್ತಮುತ್ತ ಗುಂಪುಗೂಡಿದುದು ಕಂಡುಬಂದಿತು. ಇದರಿಂದ, ಆ ಕಾಲದಲ್ಲಿ ಚಂದ್ರನ ಮೇಲೆ ಇದ್ದಕ್ಕಿದ್ದಂತೆ ಮಹಾವರ್ಷವೇ ಸುರಿಯಿತೆಂದು 1974ರಲ್ಲಿ ಕೆಲವರು ವಾದಿಸಿದರು. ಸುರಿದಿದ್ದರೆ ಚಂದ್ರನಿಗಿಂತ ದೊಡ್ಡ ಗುರಿಯಾದ ಭೂಮಿಯ ಮೇಲೂ ಸುರಿದಿರಲೇಬೇಕು. ಆಗಿದ್ದ ನೀರೂ, ನೆಲವೂ, ಒಂದು ವೇಳೆ ಇದ್ದಿರಬಹುದಾದ ಮೊದಲ ಜೀವಿಗಳೂ ಅದರ ಬೇಗೆಗೆ ಸಿಕ್ಕಿರಬೇಕು. ಭೂಮಿಯಲ್ಲಿ ಜೀವ ಯಾವಾಗ ನೆಲೆನಿಂತಿತೆಂಬ ಪ್ರಶ್ನೆ ಹೀಗೆ ಚಂದ್ರನ ಕುಳಿಗಳ ಲೆಕ್ಕಕ್ಕೆ ತಗುಲಿಕೊಂಡಿದೆ. ಇನ್ನೊಂದು ಪಕ್ಷದವರು ಇದನ್ನು ಒಪ್ಪುವುದಿಲ್ಲ. ಅಪೊಲೊ ನೌಕೆಗಳು ಇಳಿದುದೆಲ್ಲ ನಮಗೆ ಕಾಣುವ ಕಡೆಯಲ್ಲಿ; ಮಳೆಗಳ ಸಮುದ್ರದ ಮಹಾಕುಳಿಯಿಂದ ಸಿಡಿದ ಕಲ್ಲು ಆ ಪ್ರದೇಶವನ್ನೆಲ್ಲ ಮುಚ್ಚಿರುವಾಗ, ಎಲ್ಲಿ ಹೆಕ್ಕಿದರೂ ಒಂದೇ ಪೆಟ್ಟಿನ ಕಲ್ಲು ಸಿಕ್ಕಿದರೆ ಸೋಜಿಗವೇನು? ಪೆಟ್ಟುಗಳು ಮೊದಲಿನಿಂದ ಕ್ರಮವಾಗಿ ಕಡಮೆಯಾಗುತ್ತ ಬಂದುವೆಂಬುದು ಅವರ ಮತ.

ತೀರ್ಪಿಗೆ ಬೇಕಾದ ಕಲ್ಲುಗಳು ಈಚೆಗೆ ಬರತೊಡಗಿವೆ. ಚೀನದ ಚಾಂಗ್-ಎ-5 ನೌಕೆ 2020ರ ಡಿಸೆಂಬರಿನಲ್ಲಿ ತಂದ ಬಸಾಲ್ಟಿನ ವಯಸ್ಸು ಸುಮಾರು 200 ಕೋಟಿ ವರ್ಷವೆಂದು ತಿಳಿದು, ಗಡಿಯಾರದ ನಡುಭಾಗದಲ್ಲಿದ್ದ ದೊಡ್ಡ ತೆರವು ತುಂಬಿತು. 2024ರ ಜೂನಿನಲ್ಲಿ ಚಾಂಗ್-ಎ-6 ಚಂದ್ರನ ಬೆನ್ನ ಕಡೆಯಿಂದ 1,935 ಗ್ರಾಂ ಮಣ್ಣನ್ನು ಮೊತ್ತಮೊದಲಿಗೆ ತಂದಿತು. ಅದು ಇಳಿದ ಸ್ಥಳ ದಕ್ಷಿಣ ಧ್ರುವ-ಐಟ್‌ಕನ್ ಎಂಬ, ಸುಮಾರು 2,500 ಕಿಲೋಮೀಟರು ಅಗಲದ, ಚಂದ್ರನ ಅತಿ ಪುರಾತನ ಮಹಾಕುಳಿಯೊಳಗೆ. ಆ ಮಹಾಕುಳಿಯಾದುದು ಸುಮಾರು 425 ಕೋಟಿ ವರ್ಷಗಳ ಹಿಂದೆ ಎಂದು 2025ರಲ್ಲಿ ಪ್ರಕಟವಾಗಿದೆ. ಅತಿ ದೊಡ್ಡ ಪೆಟ್ಟು 390 ಕೋಟಿಯ ಗುಂಪಿಗೆ ಸೇರದೆ ಅಷ್ಟು ಹಿಂದಕ್ಕೆ ಸರಿದುದರಿಂದ, ಹಠಾತ್ತನೆ ಸುರಿದ ಮಳೆಯ ಪಕ್ಷ ದುರ್ಬಲವಾಗಿದೆಯೆಂದು ನಮ್ಮ ಅಭಿಪ್ರಾಯ. ಆದರೆ ಒಂದು ಕಲ್ಲು ಇನ್ನೂ ಕೈಗೆ ಬರಬೇಕಾಗಿದೆ. ಪಂಚಮಿಯ ಚಂದ್ರನಲ್ಲಿ ಥಿಯೋಫಿಲಸ್ಸಿಗೆ ತಾಗಿಕೊಂಡು ಕಾಣುವ ಪುಟ್ಟ ಕಪ್ಪು ಬಯಲು ನೆಕ್ಟಾರಿಸ್, ಅಮೃತದ ಸಮುದ್ರ. ಅದರ ಮಹಾಕುಳಿಯ ವಯಸ್ಸನ್ನು ಕೆಲವರು 385 ಕೋಟಿ ವರ್ಷವೆನ್ನುತ್ತಾರೆ, ಕೆಲವರು 420 ಕೋಟಿ ವರ್ಷವೆನ್ನುತ್ತಾರೆ. ಮೊದಲನೆಯದು ನಿಜವಾದರೆ ಒಂದು ಡಜನ್ನಿನಷ್ಟು ಮಹಾಕುಳಿಗಳು ಆ ಚಿಕ್ಕ ಕಾಲಾವಧಿಯೊಳಗೇ ಆಗಿರಬೇಕು. ಎರಡನೆಯದು ನಿಜವಾದರೆ ಆ ಮಳೆ ಸುರಿಯಲೇ ಇಲ್ಲ. ಅಲ್ಲಿಂದ, ಆ ಪೆಟ್ಟಿಗೇ ಕರಗಿದುದೆಂದು ಸಂಶಯವಿಲ್ಲದೆ ಹೇಳಬಹುದಾದ ಒಂದು ಕಲ್ಲನ್ನು ಇದುವರೆಗೆ ಯಾರೂ ತಂದಿಲ್ಲ.